ಹನ್ನೊಂದು ನಿಮಿಷದ ಅಜ್ಜಿ

ಅವಳು ಬಾಗಿಲು ತಟ್ಟಲಿಲ್ಲ. ನನ್ನ ಸ್ಟುಡಿಯೋದ ಹೊರಗೆ ನಿಂತು, "ಒಳಗ್ಯಾರಾದ್ರೂ ಇದ್ದೀರಾ?" ಎಂದು ಕೂಗಿದಳು.

"ಬೆಲ್ ಇದೆಯಲ್ಲ ಮೇಡಂ," ಅಂದೆ.

"ನಮ್ಮನೇಲಿ ಯಾರೂ ಬೆಲ್ ಒತ್ತಲ್ಲ, ಬಾಗಿಲೂ ತಟ್ಟಲ್ಲ. ತಾತನ್ನ ಕರ್ಕೊಂಡು ಹೋದವರು ತಟ್ಟಿದ್ರಂತೆ. ತಾತ ವಾಪಸ್ ಬರ್ಲೇ ಇಲ್ಲ."

ಬಸ್ಸು ತಪ್ಪಿದ ಸುದ್ದಿಯಷ್ಟು ಸಲೀಸಾಗಿ ಹೇಳಿ, ಕರ್ಚೀಫಿನಲ್ಲಿ ಸುತ್ತಿದ್ದ ಕ್ಯಾಸೆಟ್ಟನ್ನು ಮೇಜಿನ ಮೇಲಿಟ್ಟಳು.

ಅವಳು ಕಲಾವಿದೆ. ಬಾಗಿಲು ತಟ್ಟಿದ ಆ ಒಂದು ಸದ್ದು ಮೂರು ತಲೆಮಾರಿನ ಎದೆಯಲ್ಲಿ ಹೇಗೆ ಕೂತಿದೆ ಎಂಬುದನ್ನು ಒಂದು ಕತ್ತಲ ಕೋಣೆಯಲ್ಲಿ ತೋರಿಸಲಿದ್ದಳು. ಗೋಡೆಗಳ ಮೇಲೆ ಹಳೆಯ ಫೋಟೋಗಳು, ಅಮ್ಮನ ವಿಡಿಯೋ, ನಡುವೆ ಅಜ್ಜಿಯ ದನಿ. ಅಜ್ಜಿ ಆ ದಿನದ ಬಗ್ಗೆ ಬಾಯಿಬಿಟ್ಟಿದ್ದು ಒಂದೇ ಸಲ, ಈ ಕ್ಯಾಸೆಟ್ಟಿನಲ್ಲಿ.

"ಜೋಪಾನ, ಸೌಂಡ್ ಸಾಹೇಬ್ರೇ. ಅಜ್ಜಿ ಉಳಿದಿರೋದು ಇದರಲ್ಲಿ ಮಾತ್ರ."

"ನನ್ನ ಕಿವಿ ಮೇಲೆ ನಂಬಿಕೆ ಇಲ್ವಾ?"

"ಕಿವಿ ಮೇಲಿದೆ. ಕಣ್ಣಿನ ಮೇಲಿಲ್ಲ. ಬಂದಾಗಿಂದ ನನ್ನೇ ನೋಡ್ತಿದೆ."

ಸಿಕ್ಕಿಬಿದ್ದೆ. ಎರಡೇ ವಾರದಲ್ಲಿ 'ನೀವು' ಹೋಗಿ 'ನೀನು' ಬಂತು. ಫೋಟೋ ಸ್ಕ್ಯಾನ್ ಮಾಡುತ್ತ ಪೆನ್ಸಿಲನ್ನು ಕೂದಲಿಗೆ ಸಿಕ್ಕಿಸಿಕೊಂಡು, ಆಮೇಲೆ ಅದನ್ನೇ ಸ್ಟುಡಿಯೋ ತುಂಬ ಹುಡುಕುತ್ತಿದ್ದಳು. ನಾನು ಹೇಳದೆ ನೋಡುತ್ತಿದ್ದೆ.

ಅವಳಿಂದ ಶಹಬ್ಬಾಸ್ ಅನ್ನಿಸಿಕೊಳ್ಳುವ ಹುಚ್ಚು ನನಗೆ. ಮುದಿ ಟೇಪು ಒಂದೇ ಸಲ ಓಡಿ ಪುಡಿಪುಡಿಯಾಯಿತು. ಹೋಗಲಿ, ದನಿ ಕಂಪ್ಯೂಟರಿಗೆ ಬಂದಿತ್ತಲ್ಲ. ರೇಡಿಯೋದಲ್ಲಿ ಪಳಗಿದ ಕೈ ನನ್ನದು, ಮಾತಿಲ್ಲದ ಜಾಗ ಕಂಡರೆ ಸುಮ್ಮನಿರದು. ಗರಗರ, ಕೆಮ್ಮು, ಉಸಿರು, ನಡುವಿನ ಮೌನ ಎಲ್ಲವನ್ನೂ ಕತ್ತರಿಸಿ, ಮೂಲ ಫೈಲಿನ ಮೇಲೆಯೇ ಸೇವ್ ಮಾಡಿದೆ.

ಹೆಡ್‌ಫೋನ್ ಹಾಕಿಕೊಂಡವಳ ಮುಖ ಮೊದಲು ಅರಳಿತು, ಆಮೇಲೆ ಬಿಳಚಿಕೊಂಡಿತು.

"ಮಧ್ಯದ್ದೆಲ್ಲ ಎಲ್ಲಿ?"

"ಅಲ್ಲೇನೂ ಇರ್ಲಿಲ್ಲ ಕಣೇ."

"ತಟ್ಟಿದ್ರು ಅಂದಾಗೆಲ್ಲ ಟೇಪಲ್ಲಿ ಅಜ್ಜಿ ಉಸಿರು ಬಿಗಿಹಿಡಿದು ಕೂತ್ಬಿಡ್ತಿದ್ಲು. ಅಮ್ಮನೂ ಹಾಗೇ ಕೂರ್ತಾಳೆ. ನಾನೂ ಅಷ್ಟೇ. ಅದನ್ನೇ ಕೇಳಿಸ್ಬೇಕಿತ್ತು ಕಣೋ! ನಲವತ್ತು ನಿಮಿಷದ ಅಜ್ಜೀನ ಹನ್ನೊಂದು ನಿಮಿಷ ಮಾಡ್ಬಿಟ್ಯಲ್ಲ!"

ಮಿಂಚಿ ಹೋದ ಕಾಲಕ್ಕೆ ಚಿಂತಿಸಿ ಫಲವಿಲ್ಲ ಎನ್ನುತ್ತಾರೆ ದೊಡ್ಡವರು. ಆ ಹೊತ್ತಿನ ಅವಳ ಮುಖವನ್ನು ಅವರು ನೋಡಿರಲಿಲ್ಲ.

ಆಮೇಲೆ ಅವಳು ಸ್ಟುಡಿಯೋ ಕಡೆ ಬರಲಿಲ್ಲ. ಪ್ರದರ್ಶನದ ದಿನ ಕರೆಯದಿದ್ದರೂ ಹೋದೆ. ಹನ್ನೊಂದು ನಿಮಿಷ ಅಜ್ಜಿ ಮಾತಾಡಿದಳು. ಉಳಿದ ಇಪ್ಪತ್ತೊಂಬತ್ತು ನಿಮಿಷ ಸ್ಪೀಕರಿನಲ್ಲಿ ಏನೂ ಬರಲಿಲ್ಲ. ಜನ ಒಬ್ಬೊಬ್ಬರಾಗಿ ಎದ್ದು ಹೋದರು. ಅವಳು ಬಂದು ನನ್ನ ಪಕ್ಕ ಕೂತಳು.

"ಕ್ಷಮಿಸ್ತೀಯಾ?" ಅಂದೆ.

"ಆವತ್ತೇ ಕ್ಷಮಿಸ್ದೆ."

"ಹಾಗಾದ್ರೆ ವಾಪಸ್ ಬಾ. ನೀನಂದ್ರೆ ಪ್ರಾಣ ನಂಗೆ."

"ನಂಗೂ." ನನ್ನ ಕೈ ಹಿಡಿದುಕೊಂಡಳು. "ಆದ್ರೆ ನಿನ್ನ ಪಕ್ಕ ಸುಮ್ನೆ ಕೂರೋಕೇ ಭಯ ಆಗುತ್ತೆ. ನಮ್ಮನೆಯವರು ಮುಖ್ಯವಾದ್ದನ್ನೆಲ್ಲ ಸುಮ್ನಿದ್ದೇ ಹೇಳೋದು. ನಿಂಗದು ಖಾಲಿ ಅನ್ಸುತ್ತೆ."

ಅಷ್ಟು ಹೇಳಿ ಸುಮ್ಮನಾದಳು. ಎರಡು ನಿಮಿಷವಾದರೂ ನಾನೂ ಸುಮ್ಮನೆ ಕೂರಬಹುದಿತ್ತು. ಕೂರಲಿಲ್ಲ.

"ಹಾಗಲ್ಲ, ಕೇಳಿಲ್ಲಿ..." ಎಂದು ಶುರುಮಾಡಿದೆ.

ಅವಳು ತುಂಬಿದ ಕಣ್ಣಲ್ಲೇ ನಕ್ಕಳು. ನನ್ನ ಕೈಯನ್ನು ನನ್ನ ಮಡಿಲಿಗೇ ಮೆಲ್ಲಗೆ ಮರಳಿಸಿ, ಎದ್ದು ಹೋದಳು.