ದೆವ್ವದ ಊರಿಗೊಂದು ದನಿ

"ಇನ್ನೊಂದ್ಸಲ," ಎಂದೆ ನಾನು.

ಗಾಜಿನ ಆಚೆ, ಮೈಕಿನ ಮುಂದೆ ನಿಂತಿದ್ದ ಅವನು ಹೆಡ್‌ಫೋನ್ ಸರಿಮಾಡಿಕೊಂಡ. ಪರದೆಯ ಮೇಲೆ ಮತ್ತೆ ಅದೇ ದೃಶ್ಯ. ಗಂಡ, ಹೆಂಡತಿ, ಮಗಳು ಕಾರಿನಿಂದಿಳಿದು ಹೊಸ ಊರಿನ ಹೊಸ ಮನೆಯ ಮುಂದೆ ನಿಲ್ಲುತ್ತಾರೆ. ಬೀದಿಯುದ್ದಕ್ಕೂ ಜನ ತಂತಮ್ಮ ಬಾಗಿಲಲ್ಲಿ ನಿಂತು ಕಣ್ಣು ಮಿಟುಕಿಸದೆ ನೋಡುತ್ತಾರೆ. ಹೆಂಡತಿ ಗಂಡನ ತೋಳು ಹಿಡಿಯುತ್ತಾಳೆ.

"ಹೆದರ್ಬೇಡ, ನಾನಿದೀನಲ್ಲ," ಎಂದ ಅವನು, ಆ ಗಂಡನ ತುಟಿಗೆ ತನ್ನ ದನಿ ಕೂರಿಸಿ.

ಆ ಮಾತು ಬರೆದವಳು ನಾನೇ. ಬೇರೆ ಭಾಷೆಯ ಈ ದೆವ್ವದ ಸಿನಿಮಾಕ್ಕೆ ಕನ್ನಡ ಸಂಭಾಷಣೆ ಬರೆಯುವುದು, ಡಬ್ಬಿಂಗ್ ನಡೆಯುವಾಗ ಕೂತು ಅಕ್ಷರ ಅಕ್ಷರವೂ ತುಟಿಗೆ ಕೂರುತ್ತದೆಯೇ ಎಂದು ನೋಡುವುದು ನನ್ನ ಕೆಲಸ. ಕಾಗದದ ಮೇಲೆ ಸಪ್ಪೆಯಾಗಿದ್ದ ಮಾತು ಅವನ ಬಾಯಲ್ಲಿ ಬೆಚ್ಚಗಾಗುತ್ತಿತ್ತು. ಹಾಕಿದ ಬೀಗವನ್ನು ಮೆಟ್ಟಿಲಿಳಿದ ಮೇಲೂ ಹಿಂದಿರುಗಿ ಎಳೆದು ನೋಡುವವಳು ನಾನು. ಆ ಒಂದು ಸಾಲು ಕೇಳಿದಾಗ ಮಾತ್ರ ಮನಸ್ಸು ನಿರಾಳವಾಗುತ್ತಿತ್ತು.

"ಇನ್ನೊಂದ್ಸಲ. 'ನಾನಿದೀನಲ್ಲ' ಅನ್ನೋದು ತುಟಿಗೆ ಕೂತಿಲ್ಲ."

ಪಕ್ಕದಲ್ಲಿ ರೆಕಾರ್ಡಿಂಗ್ ಮಾಡುತ್ತಿದ್ದ ಚಿಕ್ಕಪ್ಪ ಓರೆಗಣ್ಣಿನಲ್ಲಿ ನೋಡಿದರು. ಸ್ಟುಡಿಯೋ ಅವರದೇ. "ಕೂತು, ಮಲ್ಗಿ, ಗೊರಕೆ ಹೊಡೀತಾ ಇದೆ ಕಣೇ! ಮೊದಲ್ನೇ ಟೇಕೇ ಚೆನ್ನಾಗಿತ್ತಲ್ಲ?"

"ನಿಮಗೆ ಗೊತ್ತಾಗಲ್ಲ, ಸುಮ್ನಿರಿ ಚಿಕ್ಕಪ್ಪ."

ಅವನು ಹೆಡ್‌ಫೋನ್ ತೆಗೆದಿಟ್ಟ.

"ಮೇಡಂ, ನಿನ್ನೆಯಿಂದ ಇದೊಂದೇ ಲೈನು. ನನ್ನ ದನಿ ನಿಮಗೆ ಹಿಡಿಸ್ತಿಲ್ಲ ಅಂತ ಗೊತ್ತಾಯ್ತು. ಬೇಜಾರಿಲ್ಲ. ಬೇರೆ ಯಾರನ್ನಾದ್ರೂ ಕರೆಸ್ಕೊಳ್ಳಿ."

ನಗುತ್ತಲೇ ಹೇಳಿದ. ಕಿವಿ ಮಾತ್ರ ಕೆಂಪಾಗಿತ್ತು. ಅವನಿಗೆ ನೋವಾದರೆ ಮೊದಲು ಕಿವಿ ಕೆಂಪಾಗುತ್ತದೆಂದು ಗಾಜಿನ ಈಚೆ ಕೂತು ನಾನು ಎಂದೋ ಕಲಿತಿದ್ದೆ.

ಅವನ ಕೈ ಬಾಗಿಲ ಹಿಡಿಕೆಯ ಮೇಲಿತ್ತು. ಹೇಳಬೇಕಾದ ಮಾತನ್ನು ನಾನಿನ್ನೂ ಮನಸ್ಸಿನಲ್ಲೇ ತಿದ್ದುತ್ತಿದ್ದೆ. ತಿದ್ದಿ ಮುಗಿಯುವಷ್ಟರಲ್ಲಿ ಅವನು ಹೋಗಿಬಿಡುತ್ತಾನೆ ಎಂದು ಹೊಳೆದದ್ದೇ, ನನ್ನ ಮಾತು ಒಳಗಿನ ಸ್ಪೀಕರಿನಲ್ಲಿ ಕೇಳಿಸುವ ಗುಂಡಿ ಒತ್ತಿದೆ.

"ಮೊದಲ್ನೇದೇ ಚೆನ್ನಾಗಿತ್ತು."

"ಮತ್ತೆ ಇಷ್ಟೊಂದು ಸಲ ಯಾಕೆ?"

"ಕೇಳ್ತಾನೇ ಇರ್ಬೇಕು ಅನ್ನಿಸ್ತು. ಸಿನಿಮಾಕ್ಕಲ್ಲ. ನನಗೆ."

ಚಿಕ್ಕಪ್ಪ ಇದ್ದಕ್ಕಿದ್ದಂತೆ ಮೇಜಿನ ಕೆಳಗಿನ ಯಾವುದೋ ವೈರು ನೆನಪಾದವರಂತೆ ಬಗ್ಗಿದರು.

ಅವನು ಹಿಡಿಕೆ ಬಿಟ್ಟು ಗಾಜಿನ ಹತ್ತಿರ ಬಂದ. "ಮನೇಲಿ ಕನ್ನಡಿ ಮುಂದೆ ಇದನ್ನೇ ಪ್ರಾಕ್ಟೀಸ್ ಮಾಡ್ತಿದ್ದೆ ಕಣ್ರೀ. ನಮ್ಮಜ್ಜಿ, 'ನನಗೇನೂ ಹೆದರಿಕೆ ಇಲ್ಲಪ್ಪ, ಸುಮ್ನೆ ಮಲ್ಕೋ' ಅಂದ್ರು!"

"ಸಾರಿ."

"ಸಾರಿ ಯಾಕೆ? ಬಾಯಿಬಿಟ್ಟು ಕೇಳಿದ್ರೆ ಮೈಕಿಲ್ಲದೇನೂ ಹೇಳ್ತಿದ್ದೆ. ಎಷ್ಟು ಸಲ ಬೇಕಾದ್ರೂ."

ಕಿವಿ ಇನ್ನೂ ಕೆಂಪಾಗಿಯೇ ಇತ್ತು. ಈ ಕೆಂಪು ಬೇರೆ.

"ನಿಮ್ಮ ಮಾತುಕತೆ ಮುಗಿದಿದ್ರೆ," ಎಂದು ಚಿಕ್ಕಪ್ಪ ಮೇಲೆದ್ದರು, "ಮುಂದಿನ ಸೀನ್ ಮಾಡೋಣ್ವಾ?"

ಮುಂದಿನ ದೃಶ್ಯದಲ್ಲಿ ಊರಿನವರೆಲ್ಲ ಆ ಮನೆಯ ಕಿಟಕಿಗೆ ಮುಖ ಒತ್ತಿ ನಿಂತಿರುತ್ತಾರೆ. ಗಂಡ ನಡುಗುತ್ತಾ "ಯಾರದು?" ಎನ್ನಬೇಕು. ಇವನು ಅಂದ. ದನಿಯಲ್ಲಿ ನಗು ತುಳುಕಿತು.

"ಕಿಟಕಿಗೆ ದೆವ್ವ ಬಂದಿದೆ ಕಣಯ್ಯ! ನಿನ್ನ ದನೀಲಿ ಬೀಗರು ಬಂದಂಗಿದೆ!" ಎಂದರು ಚಿಕ್ಕಪ್ಪ.

ಎರಡನೆಯ ಸಲ ಇನ್ನೂ ಕೆಟ್ಟಿತು. ನಾನು ಬಾಯಿಗೆ ಸೆರಗೊತ್ತಿ ಕೂತೆ. ಚಿಕ್ಕಪ್ಪ ಗುಂಡಿಯತ್ತ ಬಾಗಿ ಗಂಭೀರವಾಗಿ ಹೇಳಿದರು:

"ನೋಡಪ್ಪ, ಇವಳು ನಮ್ಮಣ್ಣನ ಮಗಳು. ಸಂಜೆ ಮನೆಗೆ ಬಂದು ಅಣ್ಣನ ಹತ್ರ ನೀನೇ ಮಾತಾಡ್ಬೇಕು."

"ಯಾ... ಯಾರ ಹತ್ರ?"

"ಭೇಷ್! ಅದೇ ನಡುಕ ಬಿಡ್ಬೇಡ!" ಎಂದು ಚಿಕ್ಕಪ್ಪ ರೆಕಾರ್ಡ್ ಒತ್ತಿದರು.