ಚಿಕ್ಕಪ್ಪನ ಉಸಿರು

ದೆವ್ವ ಭೂತ ಎಂದರೆ ನಕ್ಕುಬಿಡುವವನು ನಾನು. ಆದರೆ ಇದು ನನ್ನದೇ ಸ್ಟುಡಿಯೋದಲ್ಲಿ, ಹಾಡಹಗಲೇ ನಡೆದದ್ದು.

ಸಿನಿಮಾ, ಧಾರಾವಾಹಿಗಳಿಗೆ ಸಂಗೀತ ಮಾಡುವುದು ನನ್ನ ಕಸುಬು. ಅದರಲ್ಲಿ ಕೊಳಲೆಲ್ಲ ಚಿಕ್ಕಪ್ಪನದೇ. ಊದುವ ಮುನ್ನ ಅವರು ಎಳೆಯುತ್ತಿದ್ದ ದೀರ್ಘ ಉಸಿರು ಮೈಕಿಗೆ ಬೀಳುತ್ತಿತ್ತು. ಪ್ರತಿ ಸಲ ಅದನ್ನು ಕತ್ತರಿಸಿ ತೆಗೆಯುತ್ತಿದ್ದೆ. "ನನ್ನ ಉಸಿರು ಕಂಡ್ರೆ ನಿಂಗಾಗಲ್ಲ ಬಿಡೋ" ಎಂದು ರೇಗಿಸುತ್ತಿದ್ದರು. ಹೋದ ವರ್ಷ ತೀರಿಕೊಂಡರು.

ಮೊನ್ನೆ ಧಾರಾವಾಹಿಯ ಸಾವಿನ ದೃಶ್ಯಕ್ಕೆ ಬರೀ ಕೀಬೋರ್ಡಿನಲ್ಲಿ ಸಂಗೀತ ಮಾಡಿದ್ದೆ. ಕೇಳುತ್ತಿದ್ದ ಸೌಂಡ್ ಎಂಜಿನಿಯರ್ ತಲೆಯೆತ್ತಿದರು.

"ಸರ್, ಇಲ್ಲಿ ಯಾರೋ ಉಸಿರೆಳ್ಕೊಂಡ ಹಾಗಿದೆ."

"ಕೀಬೋರ್ಡಿಗೆಲ್ಲಿ ಉಸಿರು ಬರುತ್ತೆ ರೀ?"

ಮತ್ತೆ ಹಾಕಿದೆವು. ಪ್ರತಿ ಸ್ವರಸಾಲಿಗೂ ಮುನ್ನ ಅದೇ ಉಸಿರು. ಪಕ್ಕದ ಕೋಣೆಯಲ್ಲಿ ಚಿಕ್ಕಪ್ಪ ಊದುತ್ತಿದ್ದ ಮೈಕಿಗೆ ವೈರನ್ನೇ ಸಿಕ್ಕಿಸಿರಲಿಲ್ಲ. ಆದರೂ ಮುಟ್ಟಿದರೆ ಅದರ ಸ್ಪಂಜು ಬೆಚ್ಚಗಿತ್ತು, ಒದ್ದೆಯಾಗಿತ್ತು.

ಸಂಜೆಯೊಳಗೆ ಚಾನೆಲ್‌ಗೆ ಕೊಡಬೇಕಿತ್ತು. ಉಸಿರನ್ನೆಲ್ಲ ಕತ್ತರಿಸಿ, ಇಬ್ಬರೂ ಕಿವಿಗೊಟ್ಟು ಕೇಳಿ, ಒಂದೂ ಉಳಿದಿಲ್ಲವೆಂದು ಖಾತ್ರಿ ಮಾಡಿಕೊಂಡೇ ಕಳಿಸಿದೆವು.

ಪ್ರಸಾರ ಮುಗಿಯುತ್ತಿದ್ದಂತೆ ಚಿಕ್ಕಮ್ಮನ ಫೋನ್ ಬಂತು. ಅಳುತ್ತಿದ್ದರು.

"ಅವರ ಉಸಿರನ್ನ ಈ ಸಲವಾದ್ರೂ ಕತ್ತರಿಸದೆ ಬಿಟ್ಯಲ್ಲಪ್ಪಾ."