ಗೆರೆ ಎಳೆಯದ ಕಾಲಂ

ಅವನು ಅವಳೊಡನೆ ಆಡಿದ ಮೊದಲ ಮಾತು ಉರ್ದುವಿನದು. ಅದೂ ತಪ್ಪು ಉರ್ದು.

೨೦೦೧ರ ನವೆಂಬರ್, ಲಂಡನ್. ಕ್ವೀನ್ಸ್‌ಬರಿಯ ಶಾಲೆಯೊಂದರ ಹಾಲ್‌ನಲ್ಲಿ ರಾಜ್ಯೋತ್ಸವದ ಊಟ. ಕೌಸರ್‌ಗೆ ಬರುವ ಮನಸ್ಸಿರಲಿಲ್ಲ. ಸೆಪ್ಟೆಂಬರ್ ಹನ್ನೊಂದರ ನಂತರದ ಆ ಎರಡು ತಿಂಗಳು ಟ್ಯೂಬ್ ರೈಲಿನಲ್ಲಿ ಅವಳ ಪಕ್ಕದ ಸೀಟು ಖಾಲಿಯೇ ಉಳಿಯುತ್ತಿತ್ತು. ಎಲ್ಲಿಗೆ ಹೋದರೂ ತಲೆಯ ಮೇಲಿನ ದುಪಟ್ಟಾ ಅವಳಿಗಿಂತ ಮೊದಲೇ ಒಳಗೆ ಹೋಗಿ ಅವಳ ಪರಿಚಯ ಹೇಳಿಬಿಡುತ್ತಿತ್ತು. ಪಿನ್ನರ್‌ನಲ್ಲಿ ಜಿಪಿ ಡಾಕ್ಟರ್ ಆಗಿದ್ದ ಗೆಳತಿ ಮೀರಾ ಬಿಡದೆ ಎಳೆದುಕೊಂಡು ಬಂದಿದ್ದಳು.

ಅಡುಗೆ ಟೂಟಿಂಗ್‌ನ ಉಡುಪಿ ಹೋಟೆಲಿನ ರಘುರಾಮರದು. ಅವರ ಕಿಚನ್ನಿನಿಂದ ಬಂದ ಎತ್ತರದ ಗಂಡಸೊಬ್ಬ ಕೌಸರ್ ಎದುರು ಬಂದು, ಸೌಟು ಹಿಡಿದು ತಡವರಿಸಿದ.

"ಆಪ್... ಕೋಸಂಬರಿ... ಖಾಯೇಗಾ?"

"ಕನ್ನಡದಾಗ ಕೇಳ್ರಿ. ನಿಮ್ಮ ಉರ್ದು ಕೇಳಿದ್ರ ಧಾರವಾಡದಾಗ ಗೋರ್ಯಾಗ ಮಲಗಿದ ನಮ್ಮಪ್ಪ ಎದ್ದು ಕೂಡ್ತಾನ."

ಅವನ ಮುಖ ಕಿವಿಯ ತುದಿಯವರೆಗೂ ಕೆಂಪೇರಿತು. "ಸ್ಕಾರ್ಫ್ ನೋಡಿ ಉರ್ದು ಅಂತ ತಿಳ್ಕೊಂಡೆ. ನಾನು ಉಳ್ಳಾಲದ ಬ್ಯಾರಿ, ಇಲ್ಯಾಸ್. ನಮ್ಮ ಮನೆಯಲ್ಲಿ ಉರ್ದು ಇಲ್ಲ ಮಾರಾಯ್ರೆ, ಬ್ಯಾರಿ ಭಾಷೆ."

"ಹಂಗಾದ್ರ ಇಬ್ಬರಿಗೂ ಕನ್ನಡನ ಗತಿ."

"ಗತಿ ಅಂತ ಯಾಕೆ ಹೇಳ್ತೀರಿ," ಎಂದು ಅವನು ಮೆಲ್ಲಗೆ ನಕ್ಕು ಮುಂದಿನ ಎಲೆಗೆ ಹೋದ. ಹೋದವನು ತಿರುಗಿ ನೋಡಿದ. ನೋಡಿದ್ದು ಅವಳಿಗೆ ಗೊತ್ತಾಯಿತೆಂದು ತಿಳಿದು, ಸೌಟಿನೊಳಗೆ ಏನೋ ಹುಡುಕುವವನಂತೆ ತಲೆ ತಗ್ಗಿಸಿದ.

ಊಟ ಮುಗಿಯುವ ಹೊತ್ತಿಗೆ ಮೀರಾ ಅವಳ ಮೊಣಕೈ ತಿವಿದಳು. "ನಿನಗೆ ಮೂರು ಸಲ ಕೋಸಂಬರಿ ಬಂತು ಕಣೇ. ನನಗೆ ಒಂದ್ಸಲಾನೂ ಬಂದಿಲ್ಲ."

*

ಕೌಸರ್ ಟೂಟಿಂಗ್‌ನ ಮಹಿಳಾ ಸಲಹಾ ಕೇಂದ್ರದಲ್ಲಿ ಕೆಲಸ ಮಾಡುತ್ತಿದ್ದಳು. ಅಲ್ಲಿಂದ ಹೋಟೆಲಿಗೆ ಹತ್ತು ನಿಮಿಷದ ನಡಿಗೆ. ಮೊದಲು ವಾರಕ್ಕೊಮ್ಮೆ ಹೋದಳು. ಆಮೇಲೆ ಲೆಕ್ಕ ಇಡಲಿಲ್ಲ.

ಬಿಡುವಿದ್ದಾಗ ಅವನು ಎದುರಿಗೆ ಬಂದು ಕೂರುತ್ತಿದ್ದ. ಅವಳನ್ನು ನೇರ ನೋಡುತ್ತಿರಲಿಲ್ಲ. ಕಾಫಿಯ ಲೋಟವನ್ನು ತಿರುಗಿಸುತ್ತ, ಅವಳು ಕಿಟಕಿಯ ಕಡೆ ಮುಖ ಮಾಡಿದಾಗ ಮಾತ್ರ ಕಣ್ಣೆತ್ತುತ್ತಿದ್ದ. ಅದಕ್ಕೆಂದೇ ಅವಳು ಕಿಟಕಿಯನ್ನು ಬೇಕಾದ್ದಕ್ಕಿಂತ ಹೆಚ್ಚು ಹೊತ್ತು ನೋಡುತ್ತಿದ್ದಳು. ಹೊರಗೆ ನೋಡುವಂಥದ್ದು ಬಸ್‌ಸ್ಟಾಪ್ ಬಿಟ್ಟರೆ ಏನೂ ಇರಲಿಲ್ಲ.

ಮೇ ತಿಂಗಳ ಒಂದು ಮಧ್ಯಾಹ್ನ, ಟೂಟಿಂಗ್ ಕಾಮನ್‌ನ ಹುಲ್ಲುಬಯಲಿನ ಬೆಂಚಿನ ಮೇಲೆ, ಅವನು ಬೂಟಿನ ಲೇಸು ಬಿಚ್ಚಿ ಮತ್ತೆ ಕಟ್ಟಿದ.

"ಒಂದು ಕೇಳ್ಳಿಕ್ಕುಂಟು."

"ಕೇಳ್ರಿ. ಲೇಸು ಹರಿಯೂಕಿಂತ ಮೊದಲ ಕೇಳ್ರಿ."

"ಮದುವೆ ಆಗುವಾ?"

ಅವಳ ಎದೆ ಹೂಂ ಅಂದಿತು. ಕೈ ಮಾತ್ರ ಬ್ಯಾಗಿನೊಳಗೆ ಹೋಗಿ ಮಸೀದಿಯ ನಿಕಾಹ್ ಫಾರಂ ಒಂದನ್ನು ಹೊರತೆಗೆಯಿತು. ತಿಂಗಳಿನಿಂದ ಅದು ಅಲ್ಲೇ ಇತ್ತು.

"ಮೊದಲ ಈ ಕಾಲಂ ನೋಡ್ರಿ."

ತಲಾಖಿನ ಅಧಿಕಾರವನ್ನು ಗಂಡ ಹೆಂಡತಿಗೂ ಕೊಟ್ಟಿದ್ದಾನೆಯೇ ಎಂದು ಕೇಳುವ ಕಾಲಂ ಅದು. ಧರ್ಮಶಾಸ್ತ್ರದಲ್ಲೇ ಇರುವ ಅವಕಾಶ.

"ನನ್ನ ಮೊದಲನೇ ನಿಕಾಹದಾಗ ಫಾರಂ ನನ್ನ ಕೈಗೆ ಬರೂದ್ರಾಗ ಇದರ ಮ್ಯಾಲೆ ಅಡ್ಡಗೆರಿ ಎಳದಿದ್ರು. ಅವರು ಬೆರಳಿಟ್ಟಲ್ಲಿ ನಾ ಸಹಿ ಹಾಕಿದೆ."

ಉಳಿದದ್ದು ಅವನಿಗೆ ಗೊತ್ತಿತ್ತು. ೧೯೯೭ರಲ್ಲಿ ಲಂಡನ್ನಿನ ಕೋರ್ಟು ಅವಳಿಗೆ ಡೈವೋರ್ಸ್ ಕೊಟ್ಟಿತ್ತು. ಗಂಡ ಮಾತ್ರ ತಲಾಖ್ ಕೊಡಲಿಲ್ಲ. ಇನ್ನೂ ಮೂರು ವರ್ಷ ಅವಳು ಧರ್ಮದ ಹಿರಿಯರ ಮುಂದೆ ಕುರ್ಚಿಯ ಅಂಚಿನಲ್ಲಿ ಕುಳಿತು, ಅದೇ ಕಥೆಯನ್ನು ಹೇಳಿದ್ದಳು, ಪ್ರತಿಸಲ ಹೊಸಬರಿಗೆ. ಅವರು ಆ ನಿಕಾಹ್ ಬಿಡಿಸುವವರೆಗೆ ಸರ್ಕಾರದ ಕಾಗದದಲ್ಲಿ ಒಂಟಿ. ನಮಾಜಿಗೆ ನಿಂತಾಗ ಯಾರದೋ ಹೆಂಡತಿ.

ಇಲ್ಯಾಸ್ ಕಾಗದವನ್ನು ಓದಿ, ಮಡಿಚಿ ಜೇಬಿಗಿಟ್ಟ.

"ಮನೆಗೆ ಬರುವ ಮೊದಲೇ ಹೊರಗೆ ಹೋಗುವ ಬಾಗಿಲು ಎಲ್ಲುಂಟು ಅಂತ ನೋಡ್ತೀರಾ?"

"ಬಾಗಲಾ ಇಲ್ಲದ ಮನ್ಯಾಗ ನಾ ಇದ್ದು ಬಂದೀನಿ ಇಲ್ಯಾಸ್."

"ನಿಮಗೆ ನನ್ನ ಮೇಲೆ ನಂಬಿಕೆ ಇಲ್ಲ."

ಅವನು ಎದ್ದು ಹೋದ. ಫಾರಂ ಅವನ ಜೇಬಿನಲ್ಲೇ ಉಳಿಯಿತು. ಅವಳು ಕರೆಯಲಿಲ್ಲ. ಕರೆಯಲೆಂದು ಬಾಯಿ ತೆರೆದದ್ದು ಮಾತ್ರ ನಿಜ.

*

ಮೂರು ವಾರ ಅವನ ಸುದ್ದಿಯಿಲ್ಲ. ಹೋಟೆಲಿಗೆ ಹೋದರೆ ರಘುರಾಮರು ಕನ್ನಡಕ ಒರೆಸುತ್ತ, "ಶಿಫ್ಟ್ ಬದಲಾಯಿಸಿಕೊಂಡಿದ್ದಾನಮ್ಮ," ಎಂದರು. ಮೀರಾ ಫೋನಿನಲ್ಲಿ, "ಒಂದು ಕಾಲಂ ತಾನೇ, ಬಿಟ್ಟುಬಿಡೇ. ಒಳ್ಳೆಯವನು ಅವನು," ಎಂದಳು. ಒಳ್ಳೆಯವನೆಂದು ಕೌಸರ್‌ಗೂ ಗೊತ್ತಿತ್ತು. ಅವಳ ಊಟ ಇಳಿಯದಿದ್ದುದು ಅದಕ್ಕೇ.

ನಾಲ್ಕನೆಯ ಶನಿವಾರ ಬೆಳಿಗ್ಗೆ, ಕೇಂದ್ರದಲ್ಲಿ ಅವಳೊಬ್ಬಳೇ ಇದ್ದಾಗ, ಅವನು ಬಂದ. ಕೂರಲಿಲ್ಲ. ಗೋಡೆಯ ಮೇಲಿದ್ದ ಮಾನವ ಹಕ್ಕುಗಳ ಘೋಷಣೆಯ ಪೋಸ್ಟರ್ ಮುಂದೆ ನಿಂತು ಹದಿನಾರನೆಯ ಕಲಮನ್ನು ನಿಧಾನವಾಗಿ ಓದಿದ. ಮದುವೆಯಾಗುವಾಗ, ಮದುವೆಯೊಳಗೆ, ಅದು ಮುರಿಯುವಾಗ, ಗಂಡಿಗೂ ಹೆಣ್ಣಿಗೂ ಸಮಾನ ಹಕ್ಕು.

"ಇದನ್ನು ನೋಡಿಯಾ ನೀವು ಕೇಳಿದ್ದು?"

"ಅಲ್ರಿ. ಆ ಗ್ವಾಡಿ ಮ್ಯಾಲಿಂದು ಇಲ್ಲದಿದ್ರೂ ಕೇಳ್ತಿದ್ದೆ. ನಮ್ಮ ಕಿತಾಬಿನಾಗ ಐತಿ. ಗೆರಿ ಎಳದವರು ಮನುಷ್ಯಾರು."

ಅವನು ತಲೆಯಾಡಿಸಿದ. ಆಮೇಲೆ ಗೋಡೆಗೇ ಹೇಳುವಂತೆ ಹೇಳಿದ.

"ನನಗೆ ಊರಲ್ಲಿ ಮದುವೆ ಆಗಿತ್ತು. ನೆಬಿಸಾ ಅಂತ. ತೊಂಬತ್ತನಾಲ್ಕನೇ ಇಸವಿ. ನನಗೆ ಇಪ್ಪತ್ನಾಲ್ಕು ವರ್ಷ. ತಂಗಿಯನ್ನು ಯಾವಾಗ ಲಂಡನ್‌ಗೆ ಕರ್ಕೊಳ್ತೀಯ ಅಂತ ಅವಳ ಅಣ್ಣ ಫೋನಲ್ಲಿ ಬೈದ. ಟ್ಯೂಬ್ ಸ್ಟೇಷನ್ ಹೊರಗಿನ ಬೂತಲ್ಲಿ ನಿಂತಿದ್ದೆ. ಸಿಟ್ಟು ಬಂತು. ತಲಾಖ್ ಅಂತ ಮೂರು ಸಲ ಹೇಳಿಬಿಟ್ಟೆ. ಫೋನ್ ಇಟ್ಟು ನೋಡ್ತೇನೆ, ಫೋನ್ ಕಾರ್ಡಲ್ಲಿ ಇನ್ನೂ ಯೂನಿಟ್ ಉಳಿದಿತ್ತು."

"ಆಕಿ ಏನಂದಳು?"

"ಅವಳು ಲೈನಲ್ಲೇ ಇರಲಿಲ್ಲ. ಅಣ್ಣ ಹೋಗಿ ಹೇಳಿದ್ದು. ಊರಿನವರು ಆಯ್ತು ಅಂದರು, ಮುಗೀತು."

ಕೌಸರ್ ಕೈಯಲ್ಲಿದ್ದ ಪೆನ್ನನ್ನು ಮೇಜಿನ ಮೇಲಿಟ್ಟಳು. ತನ್ನ ಮೂರು ವರ್ಷಗಳು ನೆನಪಾದವು. ಕುರ್ಚಿಯ ಅಂಚು ನೆನಪಾಯಿತು. ಇಷ್ಟು ದಿನ ಕಿಟಕಿಯ ನೆಪದಲ್ಲಿ ತಾನು ಮುಖ ತೋರಿಸಿದ್ದು ಇಂಥವನಿಗೇ?

"ಯಾಕ ಹೇಳಲಿಲ್ಲ?"

"ಕಾಮನ್‌ನಲ್ಲಿ ನನಗೆ ಬಂದದ್ದು ಸಿಟ್ಟಲ್ಲ, ಹೆದರಿಕೆ. ಅಲ್ಲೇ ಸಹಿ ಹಾಕಿ ಸುಮ್ಮನಿರಬಹುದಿತ್ತು. ಆದರೆ ಮುಚ್ಚಿಟ್ಟ ಫಾರಮ್ಮಿಗೆ ನೀವು ಎರಡನೇ ಸಲ ಸಹಿ ಹಾಕಿದ ಹಾಗೆ ಆಗ್ತಿತ್ತು." ಅವನು ಗೋಡೆಯಿಂದ ಅವಳ ಕಡೆಗೆ ತಿರುಗಿದ. "ನೀವು ಅಂದ್ರೆ ನನಗೆ ಜೀವ, ಕೌಸರ್. ಬೇಡ ಅಂದ್ರೆ ಹೋಗ್ತೇನೆ. ಗೊತ್ತಿದ್ದು ಬೇಡ ಅನ್ನಿ."

ಹೋಗ್ರಿ ಎನ್ನುವುದು ಸುಲಭವಿತ್ತು. ಅವಳು ಮೇಜಿನ ಅಂಚನ್ನು ಹಿಡಿದುಕೊಂಡಳು.

"ಆಕಿ ಹತ್ರ ಮಾಫಿ ಕೇಳೀರೇನು?"

"ಎಂಟು ವರ್ಷ ಆಯ್ತು. ಇಲ್ಲ. ನನ್ನ ತಂಗಿಯ ಹತ್ತಿರ ಅವಳ ನಂಬರ್ ತಕೊಂಡಿದ್ದೇನೆ. ಒತ್ತಲಿಕ್ಕೆ ಆಗ್ಲಿಲ್ಲ."

ಅವಳು ಫೋನನ್ನು ಅವನ ಕಡೆಗೆ ತಿರುಗಿಸಿದಳು. "ಅಲ್ಲಿ ಈಗ ಮಧ್ಯಾಹ್ನ. ಮಾಡ್ರಿ."

ಮಾತು ಬ್ಯಾರಿಯಲ್ಲಿ ನಡೆಯಿತು. ಅವಳಿಗೆ ತಿಳಿದದ್ದು ಮಾಫ್ ಎಂಬ ಒಂದೇ ಪದ. ಆಚೆ ಕಡೆ ಹೊಲಿಗೆ ಯಂತ್ರವೊಂದು ಓಡುತ್ತಿದ್ದದ್ದು ನಿಂತಿತು. ಇಲ್ಯಾಸ್‌ನ ಕಣ್ಣೀರು ಗದ್ದಕ್ಕಿಳಿದರೂ ಅವನು ಒರೆಸಿಕೊಳ್ಳಲಿಲ್ಲ. ಕೊನೆಗೆ ರಿಸೀವರ್ ಚಾಚಿದ.

"ನಿಮಗೆ ಕೊಡಬೇಕಂತೆ."

"ನೀವು ಧಾರವಾಡದವರಂತೆ," ಎಂದಿತು ದಣಿದ ಹೆಣ್ಣುದನಿ, ಕನ್ನಡದಲ್ಲಿ. "ಅವರು ನಿಮ್ಮನ್ನು ಮದುವೆ ಆಗ್ತಾರಂತೆ."

"ಇನ್ನೂ ಹೂಂ ಅಂದಿಲ್ರಿ. ನೀವು ಮಾಫ್ ಮಾಡಿದ್ರೇನು?"

"ಅದನ್ನು ನಾನು ಅಲ್ಲಾಹನ ಹತ್ತಿರ ಹೇಳ್ತೇನೆ. ಫೋನಲ್ಲಿ ಹೇಳುವ ವಿಷಯ ಅಲ್ಲ, ಅಲ್ವಾ?" ಕತ್ತರಿಯೊಂದನ್ನು ಕೆಳಗಿಟ್ಟ ಸದ್ದಾಯಿತು. "ಕೆಟ್ಟ ಜನ ಅಲ್ಲ ಅವರು. ಕೆಟ್ಟವರಾಗಿದ್ರೆ ನಾನು ಅಷ್ಟು ಅಳ್ತಿರಲಿಲ್ಲ. ಆದರೆ ನೀವು ಬರೆಸಿಕೊಳ್ಳಿ. ಬಾಯಿ ಮಾತು ಬೇಡ. ಇಡ್ತೇನೆ, ಒಂದು ಬ್ಲೌಸ್ ಕೊಡ್ಲಿಕ್ಕುಂಟು."

ಕೌಸರ್ ರಿಸೀವರನ್ನು ಮೆಲ್ಲಗೆ ಇಟ್ಟಳು, ಎಲ್ಲಿ ಸದ್ದಾಗಿ ಆಕೆಗೆ ನೋವಾಗುವುದೋ ಎಂಬಂತೆ.

ಇಲ್ಯಾಸ್ ಜೇಬಿನಿಂದ ಫಾರಂ ತೆಗೆದ. ಮಡಿಕೆಗಳು ಸವೆದಿದ್ದವು. ಪೆನ್ನು ತೆಗೆದುಕೊಂಡು ಆ ಕಾಲಂನಲ್ಲಿ ಕನ್ನಡದಲ್ಲಿ ಬರೆಯತೊಡಗಿದ. ಅಕ್ಷರಗಳು ದಪ್ಪಗಿದ್ದವು, ಸ್ಕೂಲು ಹುಡುಗನವು. 'ಈ ಹಕ್ಕನ್ನು ನಾನು ನನ್ನ ಹೆಂಡತಿಗೆ ಕೊಟ್ಟಿದ್ದೇನೆ. ಯಾವಾಗ ಬಳಸಬೇಕೆಂಬುದು ಅವಳಿಗೆ ಬಿಟ್ಟದ್ದು.' ನಿಲ್ಲಿಸಿ, ಯೋಚಿಸಿ, ಇನ್ನೊಂದು ಸಾಲು ಸೇರಿಸಿದ. 'ಅವಳ ಮುಖ ನೋಡದೆ, ಎರಡೂ ಕಡೆಯ ಹಿರಿಯರನ್ನು ಕೂರಿಸದೆ, ನಾನು ಆ ಮಾತನ್ನು ಆಡುವುದಿಲ್ಲ.'

ಅವಳು ಕಾಗದವನ್ನು ತನ್ನ ಕಡೆಗೆ ಎಳೆದುಕೊಂಡಳು. ಒಂದು ಸಲ ಓದಿದಳು. ಮತ್ತೆ ಮೊದಲಿನಿಂದ ಓದಿದಳು. ಅವನು ನಿಂತೇ ಇದ್ದ.

"ಕೂಡ್ರಿ," ಎಂದಳು ತಲೆಯೆತ್ತದೆ. "ಹೂಂ ಅನ್ನಾಕಿನ ನಾ. ಆದ್ರ ಪೂರ್ತಿ ಓದಿದ ಮ್ಯಾಲೆ."